ಬಾದಾಮಿಯನ್ನು ನಾನು ಗೆದ್ದದ್ದು

ಏನೇನು ಕೆಡಬಹುದಿತ್ತು ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ. ನನ್ನ ಪಾಠ ನೋಡಲು ಬರುವ ಸಾಹೇಬರ ಬಸ್ಸು ಕೆರೂರಿನಲ್ಲಿ ಪಂಚರ್ ಆಗಿ, ಅವರು ಬಿಸಿಲಲ್ಲಿ ನಿಂತು, ಆ ಸಿಟ್ಟನ್ನೆಲ್ಲ ಬಾದಾಮಿಗೆ ಹೊತ್ತು ತರಬಹುದಿತ್ತು. ಪಂಚರ್ ಆಗದೆ ಅವರು ಹೊತ್ತಿಗೆ ಮುಂಚೆಯೇ ಬರಬಹುದಿತ್ತು. ಅದು ಇನ್ನೂ ಕೆಟ್ಟದ್ದು. ಮಂಗಗಳು ಯುದ್ಧದ ವೇಷ ತೊಟ್ಟ ನನ್ನ ಹುಡುಗರ ಕಿರೀಟ ಕಿತ್ತುಕೊಂಡು ಬಂಡೆ ಏರಬಹುದಿತ್ತು. ಅಗಸ್ತ್ಯತೀರ್ಥ ಹೊಂಡದ ಪಾಚಿಗಟ್ಟಿದ ಮೆಟ್ಟಿಲ ಮೇಲೆ ಯಾವನೋ ಸೈನಿಕ ಜಾರಿ ನೀರಿಗೆ ಬೀಳಬಹುದಿತ್ತು, ಅವನನ್ನು ಎತ್ತಲು ಹೋಗಿ ಈಜು ಬಾರದ ನಾನೂ ಬೀಳಬಹುದಿತ್ತು, ದಂಡೆಯ ಮೇಲೆ ನಿಂತ ಹೆಡ್‌ಮಾಸ್ತರರು "ನಾ ಮೊದಲ ಹೇಳಿದ್ದೆ" ಅನ್ನಬಹುದಿತ್ತು. ಮುಳುಗುವುದಕ್ಕಿಂತ ಆ ಮಾತು ಕೇಳುವುದೇ ನನಗೆ ಹೆಚ್ಚಿನ ಭಯವಾಗಿತ್ತು. ಬಂಡೆಯ ಸಂದಿಯ ಹೆಜ್ಜೇನು ಏಳಬಹುದಿತ್ತು. ಜೋಳದ ದಂಟಿನ ಖಡ್ಗ ಯಾರದೋ ಕಣ್ಣಿಗೆ ಚುಚ್ಚಬಹುದಿತ್ತು. ಕೌದಿ ಹೊದ್ದ ಆನೆ ಧಗೆಗೆ ಮೂರ್ಛೆ ಹೋಗಬಹುದಿತ್ತು. ಮುಂಗಾಲಿಗೆ ಮೂರ್ಛೆ ಬಂದದ್ದು ಹಿಂಗಾಲಿಗೆ ತಿಳಿಯದೆ ಅದು ನಡೆಯುತ್ತಲೇ ಇರಬಹುದಿತ್ತು. "ನಮ್ಮ ಹುಡುಗೂರ್ನ ಸಾಲಿಗೆ ಕಳಸೇವೋ, ಬಯಲಾಟದ ಮ್ಯಾಳಕ್ಕೋ?" ಎಂದು ಯಾರಾದರೂ ತಂದೆ ಎಲ್ಲರೆದುರು ಕೇಳಬಹುದಿತ್ತು. ಇದ್ಯಾವುದೂ ಆಗದಿದ್ದರೆ, ಎಲ್ಲ ಸರಿಯಿರುವಾಗ ನನ್ನ ದನಿಯೇ ಹೊರಡದೆ ನಾನು ಸುಮ್ಮನೆ ನಿಂತುಬಿಡಬಹುದಿತ್ತು.

ಇವುಗಳಲ್ಲಿ ಒಂದೂ ಆಗಲಿಲ್ಲ. ಕೆಟ್ಟದ್ದೊಂದು ಆಯಿತು, ಭಾಳ ಸಣ್ಣದು. ಅದು ನನ್ನ ತಲೆಗೆ ಹೊಳೆದೇ ಇರಲಿಲ್ಲ. ಹುಟ್ಟು ಚಿಂತೆಗಾರ್ತಿಗೆ ಇದಕ್ಕಿಂತ ದೊಡ್ಡ ಅವಮಾನವಿಲ್ಲ. ಈಗ ಐವತ್ತರ ಆಚೀಚೆ ಇದ್ದೇನೆ. ಮನೆಗೆ ಕೀಲಿ ಹಾಕಿದೆನೋ ಇಲ್ಲವೋ ಎಂದು ಓಣಿಯ ತುದಿಯಿಂದ ಹೊರಳಿ ಬಂದು ನೋಡುತ್ತೇನೆ, ಹಾಕಿರುತ್ತೇನೆ. ಜೀವನವಿಡೀ ಹಾಕಿದ ಕೀಲಿಯನ್ನೇ ಜಗ್ಗಿ ನೋಡಿದವಳು ನಾನು.

ಎಪ್ಪತ್ತರ ದಶಕ ಮುಗಿಯುತ್ತಿದ್ದ ಕಾಲ. ನಾನು ಬಾದಾಮಿಯ ಒಂದು ಹೈಸ್ಕೂಲಿನಲ್ಲಿ ಇತಿಹಾಸ ಕಲಿಸುವ ಹಂಗಾಮಿ ಶಿಕ್ಷಕಿ. ಹಂಗಾಮಿ ಎಂದರೆ ಹಾಜರಿ ಪುಸ್ತಕದಲ್ಲಿ ಎಲ್ಲರಿಗಿಂತ ಕೆಳಗೆ, ಸ್ಟಾಫ್ ರೂಮಿನಲ್ಲಿ ಕಾಲು ಅಲುಗಾಡುವ ಕುರ್ಚಿ. ಆ ವರ್ಷ ಬಾಗಲಕೋಟೆಯಿಂದ ಇನ್‌ಸ್ಪೆಕ್ಟರ್ ಸಾಹೇಬರು ಬಂದು ನನ್ನದೊಂದು ಪಾಠ ನೋಡಿ, ಒಪ್ಪಿದರೆ ಕಾಯಂ. ಇಲ್ಲದಿದ್ದರೆ ಏನೆಂಬುದನ್ನು ಇಳಕಲ್ಲಿನ ಬಸ್‌ಸ್ಟ್ಯಾಂಡಿನಲ್ಲಿ ಅಪ್ಪ ಹೇಳಿ ಕಳಿಸಿದ್ದ. ನಾನು ಕಿಟಕಿಯ ಹತ್ತಿರ ಕುಳಿತಿದ್ದೆ, ಅವನು ಕೆಳಗೆ ನಿಂತಿದ್ದ.

"ನೋಡವ್ವಾ, ಈ ವರ್ಷ ಕಾಯಂ ಆತಂದ್ರ ನಿನ್ನ ಪುಣ್ಯಾ. ಆಗ್ಲಿಲ್ಲಂದ್ರ ಸಾಮಾನ ಕಟಗೊಂಡ ಬಂದ್ಬಿಡು. ಹುನಗುಂದದ ಮಂದಿ ಇನ್ನೂ ಕಾಯಾಕತ್ತಾರ."

"ಹುಡಗ ಏನ್ ಮಾಡ್ತಾನಪ್ಪಾ?"

"ಏನೂ ಮಾಡೂದಿಲ್ಲ. ಅದಕ್ಕ ಕಾಯಾಕತ್ತಾರ."

ಬಸ್ಸು ಹುನಗುಂದ ದಾಟುವಾಗ ನಾನು ಕಣ್ಣು ಮುಚ್ಚಿಕೊಳ್ಳುತ್ತಿದ್ದೆ. ಮದುವೆಯ ಭಯ ಅರ್ಧ ಮಾತ್ರ ಖರೆ. ಉಳಿದರ್ಧ ನನ್ನ ಎಂಟನೆಯ ವರ್ಗ. ಅಲ್ಲಿ ಏನೋ ಶುರುವಾಗಿತ್ತು. ಅದನ್ನು ನಡುವೆ ಬಿಟ್ಟು ಹೋಗುವುದೆಂದರೆ ಒಲೆಯ ಮೇಲೆ ರೊಟ್ಟಿ ಬಿಟ್ಟು ಹೋದ ಹಾಗೆ.

ಮಾಡಿ ಕಲಿಯಬೇಕು, ಮಾತಾಡುತ್ತ ಕಲಿಯಬೇಕು ಎಂಬುದನ್ನು ನಾನೇನೂ ಕಂಡುಹಿಡಿದವಳಲ್ಲ. ಬಾಗಲಕೋಟೆಯಲ್ಲಿ ಬಿ.ಎಡ್. ಓದುವಾಗ ನಮ್ಮ ಗುರುಗಳೊಬ್ಬರು "ಮಕ್ಕಳಿಗೆ ಬರೆಸಬಾರದು, ಮಾಡಿಸಬೇಕು" ಎಂಬುದನ್ನು ಹಳದಿಯಾದ ಟಿಪ್ಪಣಿ ಹಿಡಿದು ನಮಗೆ ನಿಧಾನವಾಗಿ ಬರೆಸಿದ್ದರು. ನಾನು ಅದರ ಕೆಳಗೆ ಕೆಂಪು ಶಾಯಿಯಲ್ಲಿ ಗೆರೆ ಎಳೆದು, ಬಾಯಿಪಾಠ ಮಾಡಿ, ಪರೀಕ್ಷೆಯಲ್ಲಿ ಹಾಗೇ ಇಳಿಸಿ, ಒಳ್ಳೆಯ ಅಂಕ ಪಡೆದಿದ್ದೆ. ಆಮೇಲೆ ಬಾದಾಮಿಗೆ ಬಂದು ಎಲ್ಲರಂತೆ ಪಾಠ ಓದಿಸುತ್ತಿದ್ದೆ. ಒಬ್ಬ ಎದ್ದು ಒಂದು ಸಾಲು ಓದುವುದು, ಉಳಿದವರು ಅದನ್ನೇ ರಾಗವಾಗಿ ಹೇಳುವುದು. ದೂರದಿಂದ ಕೇಳಿದರೆ ಭಜನೆ.

ಒಂದು ದಿನ ಆ ಭಜನೆ "ವಾತಾಪಿಯು ಚಾಲುಕ್ಯರ ರಾಜಧಾನಿಯಾಗಿತ್ತು" ಎಂಬಲ್ಲಿಗೆ ಬಂತು. ಏಕೋ ಏನೋ, ನಾನು ನಡುವೆ ಬಾಯಿ ಹಾಕಿದೆ.

"ವಾತಾಪಿ ಅಂದ್ರ ಏನು?"

"ರಾಕ್ಷಸ್ರಿ ಅಕ್ಕಾರ!" ಇಡೀ ವರ್ಗಕ್ಕೆ ಗೊತ್ತಿತ್ತು. "ಆಡ ಆಗಿ ಋಷಿ ಹೊಟ್ಟ್ಯಾಗ ಹೋಗಿ ಜೀರ್ಣ ಆಗಿಬಿಟ್ಟಾಂವ್ರಿ."

"ಸರಿ. ಮತ್ತ ರಾಜಧಾನಿ ವಾತಾಪಿ ಎಲ್ಲೈತಿ?"

ಮುಂದಿನ ಸಾಲಿನ ಒಬ್ಬ ಧೈರ್ಯ ಮಾಡಿದ. "ಅದು ಬ್ಯಾರೇರಿ. ಭಾಳ ದೂರ ಐತಿ. ಬಸ್ ಹೋಗೂದಿಲ್ಲ."

ನಾನು ಕಿಟಕಿಯ ಕಡೆ ಬೆರಳು ಮಾಡಿದೆ. ಅಲ್ಲಿ ಕೆಂಪು ಬಂಡೆ, ಅದರ ನೆತ್ತಿಯ ಮೇಲೆ ಕೋಟೆಯ ಗೋಡೆ.

"ಅದು ನಮ್ಮ ಗುಡ್ಡರಿ," ಅಂದರು.

"ಅದೇ ವಾತಾಪಿ."

ವರ್ಗಕ್ಕೆ ವರ್ಗವೇ ಎದ್ದು ಕಿಟಕಿಗೆ ಬಂತು. ಆ ಗುಡ್ಡವನ್ನು ಆಗಷ್ಟೇ ಯಾರೋ ಚಕ್ಕಡಿಯಲ್ಲಿ ತಂದು ಇಳಿಸಿ ಹೋದ ಹಾಗೆ ನೋಡಿದರು. ಎಲ್ಲರಿಗಿಂತ ದೊಡ್ಡ ಗಂಟಲಿನ ಹುಡುಗನೊಬ್ಬ ಕೂಗಿದ: "ಅಂದ್ರ ಅಕ್ಕಾರ, ನಮ್ಮ ಎಮ್ಮಿ ಇಷ್ಟ ದಿನಾ ರಾಜಧಾನ್ಯಾಗ ಮೇಯಾಕತ್ತೈತಿ?"

ಅಂದು ಪಾಠ ಒಂದು ಸಾಲೂ ಮುಂದೆ ಹೋಗಲಿಲ್ಲ. ನಾನು ಮಾತ್ರ ಮನೆಯವರೆಗೆ ಓಡಿಕೊಂಡೇ ಹೋದೆ ಅನ್ನಿಸುತ್ತದೆ. ಖುಷಿಗೋ, ಪಾಠ ಹಿಂದೆ ಬಿತ್ತೆಂಬ ಭಯಕ್ಕೋ ತಿಳಿಯದು. ನನ್ನಲ್ಲಿ ಎರಡಕ್ಕೂ ಒಂದೇ ಎದೆಬಡಿತ.

ಆಮೇಲೆ ಅವರನ್ನು ಹಿಡಿಯುವುದು ನನ್ನ ಕೈಲಿ ಇರಲಿಲ್ಲ. ಪುಸ್ತಕದಲ್ಲಿ ಒಂದೇ ಸಾಲಿತ್ತು: ಕಂಚಿಯ ಪಲ್ಲವರ ದೊರೆ ದಂಡೆತ್ತಿ ಬಂದು ವಾತಾಪಿಯನ್ನು ಗೆದ್ದನು, ಚಾಲುಕ್ಯರ ದೊರೆ ಯುದ್ಧದಲ್ಲಿ ಮಡಿದನು. ಈ ಒಂದು ಸಾಲಿಗೆ ಹುಡುಗರು ಗುಡ್ಡ ಹತ್ತಿದರು. ಬಂಡೆಯ ಸಂದಿಯಲ್ಲಿ ಇಬ್ಬರು ಅಕ್ಕಪಕ್ಕ ನಡೆಯಲಾಗದ ದಾರಿ ನೋಡಿ ಬಂದು, "ಇಷ್ಟ ಸಣ್ಣ ದಾರ್ಯಾಗ ಅಷ್ಟ ದೊಡ್ಡ ದಂಡು ಹೆಂಗ ಬಂತ್ರಿ? ನಾ ಒಬ್ಬಾಂವ ಮ್ಯಾಲಿಂದ ಕಲ್ಲ ಉರುಳಿಸಿದ್ರ ಸಾಕಲ್ಲ," ಎಂದು ನನ್ನನ್ನೇ ತರಾಟೆಗೆ ತೆಗೆದುಕೊಂಡರು. ಬಾಗಿಲು ಯಾರೋ ಒಳಗಿಂದ ತೆಗೆದಿರಬೇಕು ಎಂದು ಒಂದು ಗುಂಪು. ಕಾಳು ಮುಗಿದಿರಬೇಕು, ನೀರೊಂದನ್ನೇ ಕುಡಿದು ಎಷ್ಟು ದಿನ ಹೋರಾಡುತ್ತಾರೆ ಎಂದು ಇನ್ನೊಂದು ಗುಂಪು. ಎರಡೂ ಗುಂಪಿನವರು ಮಧ್ಯಾಹ್ನದ ಬುತ್ತಿಯನ್ನು ಬೇರೆ ಬೇರೆ ಕುಳಿತು ಉಣ್ಣತೊಡಗಿದರು. ಆನೆಗೆ ದಾರಿಯಲ್ಲಿ ನೀರು ಎಲ್ಲಿ ಕುಡಿಸಿದರು ಎಂದು ಒಬ್ಬ ಕೇಳಿದ. ನನಗೆ ಗೊತ್ತಿರಲಿಲ್ಲ. ಹುಡುಕಿ ಹೇಳುತ್ತೇನೆ ಅಂದೆ. ಮೊದಲಾಗಿದ್ದರೆ "ಗಪ್ ಕುಂಡ್ರು" ಅನ್ನುತ್ತಿದ್ದೆ. ಗೊತ್ತಿಲ್ಲ ಎನ್ನುವುದಕ್ಕೆ ಇಷ್ಟು ಕಡಿಮೆ ಶ್ರಮ ಸಾಕೆಂದು ಗೊತ್ತಿದ್ದರೆ ನಾನು ಎಂದೋ ಶುರು ಮಾಡುತ್ತಿದ್ದೆ.

ಇದನ್ನೇ ಯುದ್ಧವಾಗಿ ಆಡಿ ತೋರಿಸೋಣ ಎಂದದ್ದು ಅವರೋ ನಾನೋ ನೆನಪಿಲ್ಲ. ಸಾಹೇಬರ ಮುಂದೆ ಇದೇ ಪಾಠ ಮಾಡುತ್ತೇನೆ, ಹೊಂಡದ ಮೆಟ್ಟಿಲ ಮೇಲೆ ಮಾಡುತ್ತೇನೆ ಎಂದು ಹೆಡ್‌ಮಾಸ್ತರರ ಮುಂದೆ ಹೇಳಿದ್ದು ಮಾತ್ರ ನಾನೇ. ಅವರು ಕನ್ನಡಕ ತೆಗೆದು ನನ್ನ ಮುಖ ನೋಡಿದರು. ಒಳ್ಳೆಯವರು. ನನ್ನಷ್ಟೇ ಅಂಜುಬುರುಕರು.

"ಅಕ್ಕಾರ, ಪಾಠ ಅಂದ್ರ ಪಾಠ. ಬಯಲಾಟ ಅಲ್ಲ. ಸಾಹೇಬ್ರು ಮೈಸೂರ ಕಡಿಯವ್ರು, ಭಾಳ ಶಿಸ್ತಿನ ಮನುಷ್ಯಾ ಅಂತ ಕೇಳೇನಿ. ಬೋರ್ಡ ಮ್ಯಾಲ ನಾಲ್ಕ ಇಸವಿ ಬರೀರಿ, ಒಂದು ನಕಾಶಿ ತೂಗ ಹಾಕ್ರಿ, ಕಾಯಂ ಆಗ್ರಿ. ಯಾಕ ಬೇಕು?"

"ಸರ, ಹುಡುಗೂರು ಈಗ ಮಾತಾಡಾಕ ಕಲ್ತಾವ್ರಿ."

"ಅದ ನಂದೂ ಚಿಂತಿ," ಅಂದರು. ಆಮೇಲೆ ಕನ್ನಡಕ ಹಾಕಿಕೊಂಡು, "ಒಂದ ತಾಸು. ಏನಾರ ಆತಂದ್ರ ನಾ ಅಲ್ಲಿ ಇರಲೇ ಇಲ್ಲ ಅಂತ ತಿಳೀರಿ," ಅಂದರು.

ಪಾತ್ರ ಹಂಚುವ ದಿನ ನಮ್ಮ ದೊರೆ ಯಾರಾಗುತ್ತೀರಿ ಎಂದು ಕೇಳಿದೆ. ಹುಡುಗರ ಕೈಗಳೆಲ್ಲ ಮೇಲೆ. "ಕಡೀಕ ಸಾಯಬೇಕು" ಎಂದೆ. ಕೈಗಳೆಲ್ಲ ಕೆಳಗೆ.

"ಸತ್ತರ ಓಣ್ಯಾಗ ವರ್ಷಗಟ್ಲೆ ಕಾಡಸ್ತಾರ್ರಿ," ಎಂದು ಒಬ್ಬ ವಿವರಿಸಿದ.

ಹಿಂದಿನ ಸಾಲಿನಲ್ಲಿ ಗೋಡೆಗೆ ಒರಗಿ ಕೂರುತ್ತಿದ್ದ ಹುಡುಗಿಯೊಬ್ಬಳಿದ್ದಳು. ಹಾಜರಿ ಕೂಗಿದಾಗ ಕೈ ಎತ್ತುತ್ತಿದ್ದಳು, ದನಿ ಎತ್ತುತ್ತಿರಲಿಲ್ಲ. ಆ ವರ್ಷ ಅವಳ ದನಿಯನ್ನು ನಾನು ಕೇಳಿಯೇ ಇರಲಿಲ್ಲ. ಅವಳು ಎದ್ದು ನಿಂತಳು.

"ನಾ ಸಾಯ್ತೇನ್ರಿ ಅಕ್ಕಾರ."

ವರ್ಗ ಹೋ ಎಂದು ನಕ್ಕಿತು. ಅವಳು ಕೂರಲಿಲ್ಲ. "ಇವ್ರಿಗೆ ಸಾಯಾಕ ಧೈರ್ಯಿಲ್ಲ. ನನಗೈತಿ," ಅಂದಳು. ಹೀಗೆ ಬಾದಾಮಿಗೆ ದೊರೆ ಸಿಕ್ಕಿದಳು. ಪಲ್ಲವ ದೊರೆಯ ಪಾತ್ರ ಎಮ್ಮೆಯ ಹುಡುಗನಿಗೆ ಹೋಯಿತು, ಗಂಟಲಿನ ಬಲದ ಮೇಲೆ.

ಕುಪ್ಪಸ ಹೊಲಿಯುವ ಗುಳೇದಗುಡ್ಡದ ಖಣದ ತುಂಡುಗಳಿಂದ ಕಿರೀಟ ಹೊಲಿದರು. ಜೋಳದ ದಂಟು ಕತ್ತಿಯಾಯಿತು, ಜೋಳ ಕೇರುವ ಮೊರ ಗುರಾಣಿಯಾಯಿತು. ಯಾರೋ ಮನೆಯಿಂದ ಕೌದಿಯೊಂದನ್ನು ತಂದರು. ಹಳೆಯ ಸೀರೆಗಳನ್ನು ಪದರ ಪದರ ಸೇರಿಸಿ ಹೊಲಿದ ಭಾರವಾದ ಹೊದಿಕೆ. ಅದರೊಳಗೆ ಇಬ್ಬರು ಬಗ್ಗಿ ನಿಂತರೆ ಆನೆ. ಶಾಲೆಯ ಅಂಗಳದಲ್ಲಿ ಆಡಿದಾಗಲೆಲ್ಲ ಬಾದಾಮಿ ಕ್ರಮವಾಗಿ ಸೋತಿತು. ದೊರೆ ಕ್ರಮವಾಗಿ ಸತ್ತಳು. ನಾನು ನಿಶ್ಚಿಂತಳಾಗಿರಬೇಕಿತ್ತು. ಅದೊಂದು ಅಭ್ಯಾಸ ಇರಲಿಲ್ಲವಾದ್ದರಿಂದ ರಾತ್ರಿಯೆಲ್ಲ ಮಂಗ, ಹೆಜ್ಜೇನು, ಪಾಚಿ ಎಂದು ಎಣಿಸುತ್ತ ಮಲಗಿದೆ.

ಎಣಿಸದೆ ಬಿಟ್ಟದ್ದೊಂದಿತ್ತು. ಪಾಠದ ಮರುದಿನ ಅಮಾವಾಸ್ಯೆ. ಅಮಾವಾಸ್ಯೆಗೆ ಮುಂಚೆ ಮನೆಯ ಹಾಸಿಗೆ ಹೊದಿಕೆಯೆಲ್ಲ ತೊಳೆಯುವುದು ಅಲ್ಲಿಯ ಹೆಂಗಸರ ಪದ್ಧತಿ. ಸಾಹೇಬರನ್ನು ಕರೆದುಕೊಂಡು ನಾವು ಹೊಂಡಕ್ಕೆ ಬಂದಾಗ ಊರಿನ ಅರ್ಧ ಹೆಣ್ಣುಮಕ್ಕಳು ಅಲ್ಲಿದ್ದರು. ಬಟ್ಟೆ ಬಡಿಯುವ ಸಪ್ಪಳ ಎದುರಿನ ಬಂಡೆಗೆ ಬಡಿದು ತಿರುಗಿ ಬರುತ್ತಿತ್ತು. ಒಂದು ಬದಿಗೆ ಮುದುಕಿಯೊಬ್ಬಳು ಹಕ್ಕರಕಿ ಸೊಪ್ಪಿನ ಬುಟ್ಟಿ ನೀರಲ್ಲಿ ಅದ್ದಿ ಅದ್ದಿ ತೆಗೆಯುತ್ತಿದ್ದಳು. ರೊಟ್ಟಿಯ ಜೊತೆ ಹಸಿಹಸಿಯಾಗಿ ತಿನ್ನುವ ಆ ಸೊಪ್ಪನ್ನು ಪೇಟೆಯಲ್ಲಿ ಮಾರುವವಳು, ನನಗೂ ದಿನಾ ಅವಳದೇ ಸೊಪ್ಪು. ನಾನು ಹೆಡ್‌ಮಾಸ್ತರರನ್ನು ನೋಡಿದೆ. ಅವರು ಆಗಲೇ ಅಲ್ಲಿ ಇಲ್ಲದವರ ಹಾಗೆ ನಿಂತಿದ್ದರು.

ಸಾಹೇಬರು ಮೆಟ್ಟಿಲ ಮೇಲೆ ಕರವಸ್ತ್ರ ಹಾಸಿ, ಛತ್ರಿಯನ್ನು ತೊಡೆಯ ಮೇಲಿಟ್ಟು ಕುಳಿತರು. "ಪ್ರಾರಂಭಿಸಿ," ಅಂದರು. ಅಷ್ಟು ಸ್ವಚ್ಛವಾದ ಕನ್ನಡ ಕೇಳಿ ಆನೆಯ ಮುಂಗಾಲು ಕಿಸಕ್ಕನೆ ನಕ್ಕಿತು.

ಪ್ರಾರಂಭವಾಯಿತು. ಪಲ್ಲವರ ದಂಡು ಮೆಟ್ಟಿಲ ಆ ತುದಿಯಿಂದ ಕೂಗುತ್ತ ಬಂತು. ಬಂಡೆ ಆ ಕೂಗನ್ನು ಇಮ್ಮಡಿ ಮಾಡಿ ಕಳಿಸಿತು. ಬಟ್ಟೆಯ ಸಪ್ಪಳ ನಿಂತಿತು. ಕೊಳೆ ತುಂಬಿದ ಚಾದರ ಕೈಯಲ್ಲೇ ಹಿಡಿದು ಹೆಂಗಸರೆಲ್ಲ ಇತ್ತ ತಿರುಗಿದರು. ಆನೆ ಗಂಭೀರವಾಗಿ ನಡೆದು ಬರುತ್ತಿತ್ತು. ನೀರಿನಲ್ಲಿ ನಿಂತ ಒಬ್ಬಾಕೆ ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿ ಒಮ್ಮೆಲೇ ಚೀರಿದಳು:

"ಅಯ್ಯ ನನ್ನ ಕೌದಿ! ಮುಂಜಾನಿಂದ ಮನಿ ಪೂರಾ ಹುಡುಕೇನಿ! ತಾ ಇಲ್ಲಿ, ತೊಳೀಬೇಕು!"

ಬಂದವಳೇ ಆನೆಯ ಚರ್ಮ ಸುಲಿದುಕೊಂಡು ಹೋದಳು. ಬಿಸಿಲಲ್ಲಿ ಕಣ್ಣು ಪಿಳುಕಿಸುತ್ತ ಬಗ್ಗಿ ನಿಂತ ಇಬ್ಬರು ಹುಡುಗರು ಉಳಿದರು. ಆದರೆ ಅವರು ಆನೆಯಾಗಿಯೇ ಮುಂದೆ ನಡೆದರು. ಆ ಶಿಸ್ತಿಗೆ ನಾನು ಇಂದಿಗೂ ಋಣಿ.

ಕೊನೆಗೆ ದೊರೆಗೂ ದೊರೆಗೂ ಎದುರಾಯಿತು. ನಮ್ಮ ಹುಡುಗಿ ಖಣದ ಕಿರೀಟ ಇಟ್ಟು, ಗುರಾಣಿಯನ್ನು ಎದೆಗೆ ಹಿಡಿದು, ಬಂಡೆಯಷ್ಟೇ ನೆಟ್ಟಗೆ ನಿಂತಿದ್ದಳು. ಎಮ್ಮೆಯ ಹುಡುಗ ಜೋಳದ ದಂಟು ಎತ್ತಿ, "ವಾತಾಪಿಯ ಅರಸನೇ, ನಿನ್ನ ಕಾಲ ಮುಗಿಯಿತು!" ಎಂದು ಗರ್ಜಿಸಿದ. ಅಷ್ಟರಲ್ಲಿ ಬಟ್ಟೆ ಒಗೆಯುವವರ ಗುಂಪಿನಿಂದ ಅದಕ್ಕಿಂತ ದೊಡ್ಡ ಗರ್ಜನೆ ಬಂತು. ಮಗನ ಗಂಟಲು ಎಲ್ಲಿಂದ ಬಂದದ್ದೆಂದು ಆಗ ತಿಳಿಯಿತು.

"ಏ ಭಾಡ್ಯಾ! ಹೆಣ್ಣ ಹುಡುಗಿ ಮ್ಯಾಲ ಕೋಲ ಎತ್ತತೀ? ಇದನ್ನ ಕಲಸಾಕ ಸಾಲಿಗೆ ಕಳಿಸೇನೇನು ನಿನ್ನ?"

"ಯವ್ವಾ, ಇಕಿ ಹುಡುಗಿ ಅಲ್ಲಬೇ, ರಾಜಾ!"

"ರಾಜಾ? ಯಾವ ರಾಜಾ?"

"ನಮ್ಮ ಬಾದಾಮಿ ರಾಜಾ."

"ನಮ್ಮ ರಾಜಾನ್ನ ನೀ ಯಾಕ ಹೊಡೀತೀಯೋ?"

"ನಾ ಕಂಚ್ಯಾಂವ."

"ಕಂಚ್ಯಾಂವ!" ಆಕೆ ಸುತ್ತ ನೋಡಿದಳು. "ಕೇಳಿದ್ರ್ಯಾ? ಮುಂಜಾನೆ ನನ್ನ ಕೈಲೆ ರೊಟ್ಟಿ ತಿಂದಾನ, ಈಗ ಕಂಚ್ಯಾಂವಂತ. ಉಂಡ ಊರಿಗೆ ಬೆಂಕಿ ಹಚ್ಚಾಂವ ನನ್ನ ಹೊಟ್ಟ್ಯಾಗ ಹುಟ್ಯಾನ ನೋಡ್ರಿ!"

ಹೆಂಗಸರೆಲ್ಲ ಒಟ್ಟಿಗೆ ಶುರು ಮಾಡಿದರು. ಇಳಿಸೋ ಕೋಲು ಅಂದರು. ಮನಿಗೆ ಬಾ ಕಾಣಸ್ತೇನಿ ಅಂದರು. ಪಲ್ಲವರ ದಂಡಿನಲ್ಲಿದ್ದ ಉಳಿದವರೂ ಯಾರ ಯಾರದೋ ಮಕ್ಕಳೇ. ಒಬ್ಬೊಬ್ಬನೇ ದಂಟನ್ನು ಬೆನ್ನ ಹಿಂದೆ ಮರೆಮಾಡಿದ. ಎಮ್ಮೆಯ ಹುಡುಗ ನನ್ನ ಮುಖ ನೋಡಿದ, ಅವ್ವನ ಮುಖ ನೋಡಿದ, ಕತ್ತಿಯನ್ನು ಕೆಳಗಿಟ್ಟು ನಮ್ಮ ದೊರೆಯ ಕಾಲು ಮುಟ್ಟಿ ನಮಸ್ಕರಿಸಿದ. ಹೆಂಗಸರು ಹೋ ಎಂದರು, ಬಂಡೆಯೂ ಹೋ ಎಂದಿತು.

ಬಾದಾಮಿ ಗೆದ್ದಿತು.

ಇಳಕಲ್ಲಿಗೆ ಸಾಮಾನು ಕಟ್ಟುವುದನ್ನು, ಬಸ್ಸು ಹುನಗುಂದದಲ್ಲಿ ನಿಲ್ಲುವುದನ್ನು, ಕಣ್ಣು ಬಿಟ್ಟೇ ಕಂಡೆ. ಸಾಹೇಬರು ಎದ್ದರು. ಕರವಸ್ತ್ರ ಕೊಡವಿದರು. ನನ್ನ ಕಡೆ ಬರುತ್ತಾರೆಂದುಕೊಂಡೆ. ಅವರು ನೇರ ದೊರೆಯ ಹತ್ತಿರ ಹೋದರು.

"ಇತಿಹಾಸದಲ್ಲಿ ಹೀಗೆಯೇ ಆಯಿತೇನಮ್ಮಾ?"

"ಇಲ್ರಿ ಸಾಹೇಬ್ರ," ಅಂದಳು ಹುಡುಗಿ. ಸಿಟ್ಟಿನಿಂದ ಅವಳ ಮೂಗು ಕೆಂಪಾಗಿತ್ತು. "ನಾ ಸಾಯಬೇಕಿತ್ರಿ. ಇಂವಾ ಹೊಡೀವಲ್ಲ!"

"ಹೊಡೆದಿದ್ದರೆ ಯಾಕೆ ಸೋಲುತ್ತಿದ್ದೆ? ಕೋಟೆ ಇತ್ತು, ನೀರಿತ್ತು."

ಅಷ್ಟೇ ಕೇಳಿದ್ದು. ಹಾಜರಿಗೂ ಬಾಯಿ ಬಿಡದ ಹುಡುಗಿ ಕಿರೀಟ ಸರಿಮಾಡಿಕೊಂಡು ಹೇಳತೊಡಗಿದಳು. ನೀರಿದ್ದರೆ ಕಾಳು ಬೇಕು, ಕಾಳು ಮುಗಿದರೆ ಕೋಟೆಯೇ ಸೆರೆಮನೆ, ಅಂದಳು. ಕಾಳಿನ ಗುಂಪಿನವರು ಹೌದ್ರಿ ಹೌದ್ರಿ ಎಂದು ಒತ್ತಿ ಬಂದರು. ಬಾಗಿಲಿನ ಗುಂಪಿನವರು ಸುಮ್ಮನಿರುತ್ತಾರೆಯೇ? "ಸುಳ್ಳರಿ! ಒಳಗಿನವ್ರ ಬಾಗಲಾ ತಗದಾರ್ರಿ!" ಆನೆಯ ಹಿಂಗಾಲು ಸಾಹೇಬರ ಛತ್ರಿ ಜಗ್ಗಿ, ಸಂದಿಯ ದಾರಿ ಎಲ್ಲಿದೆ ತೋರಿಸುತ್ತೇನೆ ಬನ್ನಿ ಎಂದಿತು. ಸಾಹೇಬರು ಒಬ್ಬರಿಗೆ ಉತ್ತರ ಕೊಡುವಷ್ಟರಲ್ಲಿ ಮೂವರು ಹೊಸದು ಕೇಳುತ್ತಿದ್ದರು. ಸೋತದ್ದು ಖರೆಯೇ ಎಂಬುದಕ್ಕೆ ಏನು ಆಧಾರ ಎಂದು ಸಾಹೇಬರು ಕೇಳಿದರು. ವರ್ಗಕ್ಕೆ ವರ್ಗವೇ ಅವರನ್ನು ಎಳೆದುಕೊಂಡು ಹೊಂಡ ಸುತ್ತಿ ಆಚೆ ಬದಿಯ ಬಂಡೆಗೆ ಹೋಯಿತು. ಅಲ್ಲಿ ಪಲ್ಲವರ ದೊರೆ ಕೊರೆಸಿದ ಸವೆದ ಅಕ್ಷರಗಳಿವೆ. ನಾವು ಮೊದಲೇ ನೋಡಿ ಬಂದಿದ್ದೆವು.

"ಓದಾಕ ಬರೂದಿಲ್ರಿ," ಎಂದಳು ಹುಡುಗಿ. "ಆದ್ರ ನಾವು ಸೋತದ್ದನ್ನ ಬರದಾರಂತ ಗೊತ್ತೈತಿ. ನಮ್ಮ ಕಲ್ಲಿನ ಮ್ಯಾಲ ಬರದ್ ಹೋಗ್ಯಾರ."

ಎಮ್ಮೆಯ ಹುಡುಗ ಅಷ್ಟು ಹೊತ್ತು ಅವ್ವನ ಕಣ್ಣು ತಪ್ಪಿಸಿ ಹಿಂದೆ ನಿಂತಿದ್ದ. ಅವನು ಕೇಳಿದ: "ಸಾಹೇಬ್ರ, ಆಮ್ಯಾಲ ನಮ್ಮವ್ರು ಊರು ವಾಪಸ್ ಗೆದ್ರಲ್ರಿ. ಗೆದ್ದ ಮ್ಯಾಲ ಇದನ್ನ ಯಾಕ ಕೆತ್ತಿ ಅಳಿಸಲಿಲ್ಲ? ನಾ ಆಗಿದ್ರ ಮೊದಲ ಅದನ್ನ ಮಾಡ್ತಿದ್ದೆ."

ಸಾಹೇಬರು ಅಕ್ಷರಗಳ ಮೇಲೆ ಬೆರಳಾಡಿಸಿದರು. ಆಮೇಲೆ, "ನನಗೆ ಗೊತ್ತಿಲ್ಲಪ್ಪ," ಅಂದರು.

ಹುಡುಗರು ಮುಖ ಮುಖ ನೋಡಿಕೊಂಡರು. ಬಾಗಲಕೋಟೆಯಿಂದ ಬಂದ, ಛತ್ರಿ ಹಿಡಿದ ಮನುಷ್ಯ ಹಾಗೆ ಹೇಳಬಹುದೆಂದು ಅವರಿಗೆ ತಿಳಿದಿರಲಿಲ್ಲ. ಪುಸ್ತಕದ ಆ ಒಂದು ಸಾಲು ಬಿರುಕು ಬಿಟ್ಟು, ಒಳಗಿಂದ ಇಡೀ ಊರು ಹೊರಗೆ ಬಂದ ಹಾಗೆ ಅನ್ನಿಸಿತು. ಕಾಯಂ ಆಗಲಿ ಬಿಡಲಿ, ಈ ಹೊತ್ತನ್ನು ಯಾವ ಹುನಗುಂದವೂ ಕಿತ್ತುಕೊಳ್ಳಲಾರದು ಎಂದುಕೊಂಡೆ. ಮರುಕ್ಷಣವೇ ಕಾಯಂ ಆಗಲಿಕ್ಕಿಲ್ಲ ಎಂದುಕೊಂಡೆ. ಸ್ವಭಾವ.

"ಮೇಡಂ," ಎಂದು ಸಾಹೇಬರು ನನ್ನ ಕಡೆ ತಿರುಗಿದರು, "ಇಷ್ಟೆಲ್ಲ ತಿಳಿದ ಮಕ್ಕಳು ಪಾಠವನ್ನು ತಪ್ಪಾಗಿ ಮುಗಿಸುವುದು ಸರಿಯಲ್ಲ. ಯುದ್ಧ ನಡೆದ ಹಾಗೆ ಮುಗಿಸಿಬಿಡಿ. ಆಮೇಲೆ ನಾನು ಬರೆಯುತ್ತೇನೆ."

ಎಲ್ಲರೂ ಮೆಟ್ಟಿಲಿಗೆ ಮರಳಿದೆವು. ಪಲ್ಲವ ಯಾರಾಗುತ್ತೀರಿ ಎಂದೆ. ಹುಡುಗರು ನೀರಿನ ಕಡೆ ನೋಡಿದರು. ಅವ್ವಂದಿರು ಸೊಂಟಕ್ಕೆ ಕೈಕೊಟ್ಟು ನಿಂತಿದ್ದರು. ಒಂದು ಕೈಯೂ ಏಳಲಿಲ್ಲ. "ಸಾಹೇಬ್ರ ಆಗ್ಲಿರಿ, ಅವ್ರು ಹೆಂಗೂ ಆ ಕಡಿಯವ್ರು," ಎಂದು ಯಾರೋ ಹಿಂದಿನಿಂದ ಪಿಸುಗುಟ್ಟಿದರು. ನಾನು ಹೆಡ್‌ಮಾಸ್ತರರನ್ನು ನೋಡಿದೆ. ಅವರು ಬಿದ್ದಿದ್ದ ಜೋಳದ ದಂಟನ್ನು ಎತ್ತಿ ತಂದು ನನ್ನ ಕೈಗೆ ಕೊಟ್ಟರು.

"ನೌಕರಿ ನಿಮ್ದು ಅಕ್ಕಾರ, ಖಡ್ಗಾನೂ ನಿಮ್ದು."

ಸೆರಗು ಸೊಂಟಕ್ಕೆ ಸಿಕ್ಕಿಸಿದೆ. ಬಸ್ಸಿನಲ್ಲಿ ಕಂಡಕ್ಟರನಿಗೆ ಕೇಳುವಂತೆ ಊರ ಹೆಸರು ಹೇಳಲಾರದವಳು, ಖಡ್ಗ ಎತ್ತಿ ಕೂಗಿದೆ. ಎಲ್ಲಿಂದ ಬಂತೋ ಆ ದನಿ! ಬಂಡೆ ಅದನ್ನು ಹಿಡಿದು ಎಸೆಯಿತು, ಮಂಗಗಳು ದಿಕ್ಕಾಪಾಲಾದವು. ಹುಡುಗಿ ಕಣ್ಣರಳಿಸಿ ನೋಡಿದಳು, ಗುರಾಣಿ ಎತ್ತಿದಳು. ನಾವು ಮೆಟ್ಟಿಲು ಹತ್ತಿ ಇಳಿದು ಹೊಡೆದಾಡಿದೆವು. ನಾನು ಮೆಲ್ಲಗೆ ಭುಜಕ್ಕೆ ತಾಗಿಸಿದೆ.

"ಜೋರ್ ಹೊಡೀರಿ ಅಕ್ಕಾರ," ಎಂದಳು ಹಲ್ಲು ಕಚ್ಚಿ, "ಇಷ್ಟಕ್ಕ ಸಾಯಾಕ ಬರೂದಿಲ್ಲ!"

ಜೋರಾಗಿ ಹೊಡೆದೆ. ದಂಟು ಮುರಿಯಿತು. ಅವಳು ಸತ್ತಳು, ನೋಡಿದವರು ಮರೆಯದ ಹಾಗೆ, ಒಂದೊಂದು ಮೆಟ್ಟಿಲಿಗೆ ಒಮ್ಮೆ ನಿಂತು, ಊರನ್ನು ಒಮ್ಮೆ ನೋಡಿ, ಸತ್ತಳು. ಯಾರೋ ಒದ್ದೆ ಸೆರಗಿನಿಂದ ಕಣ್ಣೊರೆಸಿಕೊಂಡರು. ಸೊಪ್ಪಿನ ಮುದುಕಿ ಬುಟ್ಟಿ ಎತ್ತಿಕೊಂಡು ನನ್ನ ಮುಂದೆಯೇ ಹಾದು ಹೋದಳು, ಮುಖ ಆಚೆ ತಿರುಗಿಸಿಕೊಂಡು. ಸಾಹೇಬರು ಚಪ್ಪಾಳೆ ತಟ್ಟಿದರು. ಮೊದಲು ಅವರೊಬ್ಬರೇ, ಆಮೇಲೆ ಅಲ್ಲಿ ಇರಲೇ ಇಲ್ಲದ ಹೆಡ್‌ಮಾಸ್ತರರೂ.

ಕಾಯಂ ಆಯಿತು. ಸಾಹೇಬರು ಅಲ್ಲೇ, ಮೆಟ್ಟಿಲ ಮೇಲೆ ನಿಂತೇ ಹೇಳಿದರು: ಈ ಮಕ್ಕಳಿಗೆ ಗೊತ್ತಿಲ್ಲದ್ದನ್ನು ಕೇಳಲು ಗೊತ್ತಿದೆ, ಈ ಶಿಕ್ಷಕಿ ಇಲ್ಲೇ ಇರಲಿ. ಅವರ ಬಸ್ಸು ಹೊರಟಾಗಲೂ ಎಮ್ಮೆಯ ಹುಡುಗ ಕಿಟಕಿಯ ಕೆಳಗೆ ಓಡುತ್ತ, "ಯಾಕ ಅಳಸಲಿಲ್ಲಂತ ಗೊತ್ತಾದ್ರ ಹೇಳ್ರಿ!" ಎಂದು ಕೂಗುತ್ತಿದ್ದ. ನಾನು ಪೋಸ್ಟಾಫೀಸಿಗೆ ಹೋಗಿ ಅಪ್ಪನಿಗೆ ಕಾರ್ಡು ಹಾಕಿದೆ. ಹಾಕಿದ ಮೇಲೆ ವಿಳಾಸ ಸರಿ ಬರೆದೆನೋ ಇಲ್ಲವೋ ಎಂದು ಡಬ್ಬಿಯ ಮುಂದೆ ಸುಮಾರು ಹೊತ್ತು ನಿಂತೆ.

ಮರುದಿನ ಬೆಳಿಗ್ಗೆ, ಗೆದ್ದವಳ ಹುಮ್ಮಸ್ಸಿನಲ್ಲಿ ಪೇಟೆಗೆ ಹೋದೆ. ಮುದುಕಿ ಗೋಣಿಚೀಲ ಹಾಸಿ ಕುಳಿತಿದ್ದಳು. ಸೊಪ್ಪಿನ ಮೇಲೆ ನೀರು ಚಿಮುಕಿಸುತ್ತಿದ್ದಳು.

"ಆಯೀ, ಹಕ್ಕರಕಿ ಕೊಡು."

"ಇಲ್ಲ."

"ಬುಟ್ಟಿ ತುಂಬ ಐತಲ್ಲ!"

"ಐತಿ. ಊರಾಗಿನ ಮಂದಿಗೈತಿ. ನಮ್ಮ ರಾಜಾನ್ನ ಕೊಂದಾಕಿಗಿಲ್ಲ."

"ಆಯೀ, ಅದು ಪಾಠಬೇ. ಸುಳ್ಳ ಸುಳ್ಳ ಹೊಡದದ್ದು."

ಮುದುಕಿ ತಲೆ ಎತ್ತಿದಳು. "ಹುಡುಗೂರು ಸುಳ್ಳ ಆಡಿದಾಗ ನಾವು ಗೆದ್ದಿದ್ವಿ. ಖರೆ ಆಡತೇನಂತ ಬಂದಾಕಿ ನೀನ ಅಲ್ಲ?"

ಇದಕ್ಕೆ ಬಿ.ಎಡ್.ನಲ್ಲಿ ಏನೂ ಬರೆಸಿರಲಿಲ್ಲ. ಆ ಸುಗ್ಗಿ ಮುಗಿಯುವವರೆಗೂ ನಾನು ಹಕ್ಕರಕಿ ಇಲ್ಲದೆ ರೊಟ್ಟಿ ತಿಂದೆ.